ಜಾಮೀನಿಗೆ ನಿಂತ ಮನೆ

ಮನೆ ತನ್ನ ಹೆಸರಿನಲ್ಲಿದೆ ಎಂಬುದು ಗಿರಿಜಾದೇವಿಗೆ ಗೊತ್ತಾದದ್ದು ಆ ಮನೆಗೆ ಬಂದು ಮೂರು ವರ್ಷವಾದ ಮೇಲೆ, ಅದೂ ಸೊಸೆಯ ಪಾಸ್‌ಪೋರ್ಟಿನ ದೆಸೆಯಿಂದ.

ರಾಜಾಜಿನಗರದಲ್ಲಿ ಸೈಟಿಗೆ ಅರ್ಜಿ ಹಾಕುವಾಗ ಆಕೆಯ ಗಂಡ ವೆಂಕಟಗಿರಿಯವರು ಇನ್ನೂ ಸರ್ಕಾರಿ ನೌಕರಿಯಲ್ಲಿದ್ದರು. ತುಮಕೂರಿನಲ್ಲಿ ಅಣ್ಣತಮ್ಮಂದಿರ ಮನೆಯಲ್ಲಿ ಅವರಿಗೊಂದು ಪಾಲಿತ್ತು. ಬೇರೆ ಮನೆಯಿದ್ದವರಿಗೆ ಸೈಟು ಸಿಕ್ಕುವುದು ಕಷ್ಟವೆಂದು ಯಾರೋ ಹೇಳಿದರೆಂದು ಅರ್ಜಿಯನ್ನು ಹೆಂಡತಿಯ ಹೆಸರಿನಲ್ಲಿ ಹಾಕಿದರು. ಒಂದು ಮಧ್ಯಾಹ್ನ ಆಕೆಯನ್ನು ಜಟಕಾ ಹತ್ತಿಸಿಕೊಂಡು ಹೋಗಿ ಯಾವುದೋ ಮೇಜಿನ ಮುಂದೆ ನಿಲ್ಲಿಸಿ, "ಇಲ್ಲಿ ನಿನ್ನ ಹೆಸರು ಬರಿ" ಎಂದರು. ಆಕೆ ಬರೆದಳು. ಬರುವಾಗ ಚಿಕ್ಕಪೇಟೆಯಲ್ಲಿ ಒಂದು ಹಿತ್ತಾಳೆ ಕೊಳಗ ಕೊಡಿಸಿದರು. ಆ ದಿನ ಆಕೆಗೆ ನೆನಪಿದ್ದದ್ದು ಕೊಳಗ ಕೊಂಡ ದಿನವಾಗಿ.

ಈಗ ವೆಂಕಟಗಿರಿಯವರಿಗೆ ಪಿಂಚಣಿ. ಮಗ ಗೋಪೀನಾಥ ಹೊಸದಾಗಿ ಎದ್ದ ಕಾರ್ಖಾನೆಗಳ ಸಾಲಿನಲ್ಲಿ ಒಂದು ಲೇತ್ ಶಾಪಿನಲ್ಲಿ ಸೂಪರ್‌ವೈಸರ್. ಸೊಸೆ ತುಂಗಾ ಮಲ್ಲೇಶ್ವರದ ಕಡೆ ಹುಡುಗಿಯರ ಹೈಸ್ಕೂಲಿನಲ್ಲಿ ಗಣಿತ ಹೇಳಿಕೊಡುತ್ತಿದ್ದಳು. ಮೊಮ್ಮಗಳು ಕೋಕಿಲಾಗೆ ಏಳು ವರ್ಷ. ಆಫ್ರಿಕಾದ ಅಬಿಸೀನಿಯಾದವರು ಮದರಾಸಿಗೆ ಬಂದು ಮೇಷ್ಟರುಗಳನ್ನು ಆರಿಸುತ್ತಿದ್ದಾರೆ ಎಂದು ತುಂಗಾಳ ಹೆಡ್‌ಮಿಸ್ಟ್ರೆಸ್ಸು ಹೇಳಿದ್ದೇ ತಡ, ಅವಳು ಗಂಡನನ್ನು ಕರೆದುಕೊಂಡು ಹೋಗಿ ಪರೀಕ್ಷೆ ಕೊಟ್ಟು ಬಂದಳು. ಬಂದವಳು ಆ ವಿಷಯ ಮರೆತಂತೆಯೇ ಇದ್ದಳು. ಎರಡು ತಿಂಗಳಿಗೆ ಕಾಗದ ಬಂತು. ಎರಡು ವರ್ಷದ ಕರಾರು, ಈಗಿನದರ ಮೂರರಷ್ಟು ಸಂಬಳ, ಹಡಗಿನ ಖರ್ಚು ಅವರದೇ.

"ಹಣಕ್ಕಾಗಿ ಹೋಗ್ತೀಯೇನೇ?" ಎಂದು ಗಿರಿಜಾದೇವಿ ಅಡಿಗೆಮನೆಯಲ್ಲಿ ಕೇಳಿದಳು.

ತುಂಗಾ ಹುರುಳಿಕಾಯಿಯ ನಾರು ತೆಗೆಯುತ್ತಿದ್ದಳು. "ಹಣಕ್ಕೂ ಹೌದು ಅತ್ತೆ. ಬರೀ ಹಣಕ್ಕೇ ಅಂದ್ರೆ ಸುಳ್ಳಾಗುತ್ತೆ. ನನಗೆ ಹೋಗ್ಬೇಕು ಅನ್ನಿಸಿದೆ."

ಹೀಗೆ ಬಾಯಿಬಿಟ್ಟು ಹೇಳುವ ಹೆಂಗಸನ್ನು ಗಿರಿಜಾದೇವಿ ಅದುವರೆಗೆ ಕಂಡಿರಲಿಲ್ಲ. ಬೇಳೆ ತೊಳೆಯಲು ಎದ್ದಳು.

ಪಾಸ್‌ಪೋರ್ಟು ಎಂದರೆ ಏನು, ಅದಕ್ಕೆ ಏನೇನು ಬೇಕು ಎಂಬುದು ಆ ಮನೆಯಲ್ಲಿ ಯಾರಿಗೂ ತಿಳಿಯದು. ಮುಂದಿನ ಕ್ರಾಸಿನಲ್ಲಿದ್ದ ವಕೀಲ ಚಿಕ್ಕಹನುಮಯ್ಯನವರನ್ನು ಒಂದು ಭಾನುವಾರ ಕಾಫಿಗೆ ಕರೆದರು. ಅವರು ಜಗಲಿಯ ಮೇಲಿನ ಬೆತ್ತದ ಕುರ್ಚಿಯಲ್ಲಿ ಕೂತು, ಮೇಲೆದ್ದ ಧೂಳಿಗೆ ಕಣ್ಣು ಕಿರಿದು ಮಾಡಿಕೊಂಡು, ಒಂದೊಂದಾಗಿ ಬಿಡಿಸಿ ಹೇಳಿದರು. ಆಗಿನ್ನೂ ಆ ಬೀದಿಯಲ್ಲಿ ನಾಲ್ಕು ಮನೆಗೊಂದು ಖಾಲಿ ಸೈಟು. ಗಾಳಿ ಬೀಸಿದರೆ ಕೆಂಪು ಮಣ್ಣೆಲ್ಲ ಮನೆಯೊಳಗೆ.

"ಫೀಸಿನ ಯೋಚ್ನೆ ಬಿಡಿ ಸ್ವಾಮಿ, ಅದು ಒಂದು ಮೂಟೆ ಅಕ್ಕಿಯಷ್ಟೂ ಇಲ್ಲ. ಭಾರ ಇರೋದು ಜಾಮೀನಿನಲ್ಲಿ. ಹೊರದೇಶಕ್ಕೆ ಹೋದವರು ನಾಳೆ ಕೆಲಸ ಹೋಗಿ ಬೀದೀಲಿ ನಿಂತರೆ ಸರ್ಕಾರದವರೇ ವಾಪಸ್ಸು ಕರೆಸಬೇಕು. ಆ ಖರ್ಚು ನಾನು ಕಟ್ಟಿಕೊಡ್ತೀನಿ ಅಂತ ಆಸ್ತಿ ಇರೋರು ಒಬ್ಬರು ಬರೆದುಕೊಡಬೇಕು."

"ಒಂದೇ ಪುಸ್ತಕದಲ್ಲಿ ಮುಗಿಸಬಹುದಲ್ಲ?" ಎಂದರು ವೆಂಕಟಗಿರಿಯವರು. ಅವರು ಇದನ್ನು ಯಾರನ್ನೋ ಕೇಳಿ ತಿಳಿದುಕೊಂಡೇ ಬಂದಿದ್ದರು. "ಗೋಪಿ ಹೆಸರಲ್ಲಿ ಪಾಸ್‌ಪೋರ್ಟು. ಹೆಂಡತಿ, ಮಗು ಅದರೊಳಗೇ. ಒಂದು ಫೀಸು, ಒಂದು ಜಾಮೀನು."

"ಆಗುತ್ತೆ. ಆದರೆ ಕೆಲಸ ಕೊಟ್ಟಿರೋದು ಗೋಪೀನಾಥನಿಗಲ್ಲವಲ್ಲ. ಆಯಮ್ಮನ ಸ್ವಂತ ಪಾಸ್‌ಪೋರ್ಟೇ ಬೇಕು ಅಂತ ಕಾಗದದಲ್ಲಿ ಬರೆದಿದಾರೆ. ಆಯಮ್ಮಂದು ಒಂದು, ನಿಮ್ಮ ಮಗಂದು ಒಂದು. ಮಗೂನ ಯಾರ ಪುಸ್ತಕದಲ್ಲಿ ಬೇಕಾದ್ರೂ ಸೇರಿಸಬಹುದು. ಅಂದ್ರೆ ಎರಡು ಜಾಮೀನು. ಈ ಮನೆ ಬೆಲೆ ಎರಡಕ್ಕೆ ಸಾಲದು ಅಂತ ಕಾಣುತ್ತೆ."

ಗೋಪೀನಾಥ ಬಾಗಿಲ ಚೌಕಟ್ಟಿಗೆ ಒರಗಿ ನಿಂತಿದ್ದ. ಅವನು ಮಾತಿಗೆ ಹೆದರುವವನಲ್ಲ, ಅಪ್ಪನ ಎದುರು ಮಾತಾಡಲು ಹೆದರುವವನು. "ತುಂಗಾದು ಮೊದಲು ಆಗ್ಲಿ. ನಂದು ಮುಂದಿನ ವರ್ಷ ನೋಡೋಣ. ಅಲ್ಲಿ ನನಗೇನು ಕೆಲಸ ಸಿಗುತ್ತೋ ಇಲ್ವೋ" ಎಂದ.

ವೆಂಕಟಗಿರಿಯವರು ಮಗನ ಕಡೆ ನೋಡದೆ ವಕೀಲರಿಗೆ ಹೇಳಿದರು. "ಗಂಡ ಇಲ್ಲಿ, ಹೆಂಡತಿ ಮಗು ಕಟ್ಟಿಕೊಂಡು ಇನ್ಯಾವುದೋ ಖಂಡದಲ್ಲಿ. ಇಂಥದ್ದಕ್ಕೆ ನಾನು ಜಾಮೀನು ನಿಲ್ಲೋದಿಲ್ಲ."

ಚಿಕ್ಕಹನುಮಯ್ಯನವರು ತೊಡೆಯ ಮೇಲಿದ್ದ ಖಾತೆಯ ಕಾಗದಗಳನ್ನು ಮಡಿಚಿದರು. "ನೀವು ನಿಲ್ಲೋ ಹಾಗೂ ಇಲ್ಲ ಸ್ವಾಮಿ. ಮನೆ ನಿಮ್ಮ ಹೆಸರಲ್ಲಿಲ್ಲ. ಶ್ರೀಮತಿ ಗಿರಿಜಾದೇವಿ ಅಂತಿದೆ. ಅವರೇ ರುಜು ಹಾಕಬೇಕು."

ಗಿರಿಜಾದೇವಿ ಆಗಷ್ಟೇ ಕಾಫಿಯ ತಟ್ಟೆ ಹಿಡಿದು ಹೊರಗೆ ಬಂದಿದ್ದಳು. ಎಲ್ಲರೂ ಒಟ್ಟಿಗೆ ಆಕೆಯ ಮುಖ ನೋಡಿದರು. ಮದುವೆಯ ಹಸೆಮಣೆ ಬಿಟ್ಟರೆ ಇಷ್ಟು ಜನ ಒಂದೇ ಸಲ ತನ್ನನ್ನು ನೋಡಿದ್ದು ಆಕೆಗೆ ಜ್ಞಾಪಕವಿಲ್ಲ. ಲೋಟಗಳನ್ನು ಒಬ್ಬೊಬ್ಬರ ಕೈಗಿತ್ತು ಒಳಗೆ ಹೋದಳು. ಹಿಂದಿನಿಂದ ಗಂಡನ ಮಾತು ಕೇಳಿಸಿತು. "ಅದಕ್ಕೇನಂತೆ. ನಾನು ಹಾಕು ಅಂದರೆ ಹಾಕ್ತಾಳೆ, ಬೇಡ ಅಂದರೆ ಬಿಡ್ತಾಳೆ."

ಅದು ಸುಳ್ಳೇನಲ್ಲ. ಮೂವತ್ತೆಂಟು ವರ್ಷ ಹಾಗೆಯೇ ನಡೆದಿತ್ತು. ಆದರೆ ಆ ಮಧ್ಯಾಹ್ನ ಆಕೆಗೆ ನಿದ್ದೆ ಬರಲಿಲ್ಲ. ಚಾಪೆಯ ಮೇಲೆ ಮಲಗಿ ತಾರಸಿಯ ತೊಲೆಗಳನ್ನು ನೋಡಿದಳು, ಗೋಡೆ ನೋಡಿದಳು, ಎದ್ದು ಹೋಗಿ ಹಿತ್ತಲಿನ ಕರಿಬೇವಿನ ಗಿಡಕ್ಕೆ ನೀರು ಹಾಕಿದಳು. ಇದೆಲ್ಲ ತನ್ನದು ಎಂದುಕೊಂಡರೆ ಯಾರದೋ ಒಡವೆ ಹಾಕಿಕೊಂಡು ಮದುವೆಮನೆಗೆ ಹೋದಂತಾಗುತ್ತಿತ್ತು.

ಬೆಳಿಗ್ಗೆ ಹಾಲು ಕೊಡುತ್ತಿದ್ದವಳು ಕೇತಮಾರನಹಳ್ಳಿಯ ಬೋರಮ್ಮ. ಹಸುವನ್ನು ಗೇಟಿನ ತನಕ ಹೊಡೆದುಕೊಂಡು ಬಂದು ಕಣ್ಣೆದುರೇ ಕರೆದು ಕೊಡುತ್ತಿದ್ದಳು. ಈಗ ಬ್ಲಾಕುಗಳು ಎದ್ದಿರುವ ನೆಲದಲ್ಲೇ ಅವಳ ಮನೆಯವರ ರಾಗಿ ಹೊಲವೂ ಇತ್ತಂತೆ. ಅದನ್ನು ಅವಳು ಬೇರೆ ಯಾರದೋ ವಿಷಯದಂತೆ ಆಗಾಗ ಹೇಳುತ್ತಿದ್ದಳು. ಗಿರಿಜಾದೇವಿ ಮರುದಿನ ಚೊಂಬು ಹಿಡಿದು ನಿಂತಿದ್ದಾಗ ಜಾಮೀನಿನ ಮಾತೆತ್ತಿದಳು. ಮನೆಯಲ್ಲಿ ಯಾರ ಹತ್ತಿರವೂ ಆಡಲಾಗದ ಮಾತು ಹೊರಗಿನವಳ ಹತ್ತಿರ ಸಲೀಸಾಗಿ ಬಂತು.

ಬೋರಮ್ಮ ಕೆಚ್ಚಲಿಗೆ ನೀರು ಚಿಮುಕಿಸುತ್ತಾ ಕೇಳಿದಳು. "ಕಾಗ್ದ ಓದ್ಸಿ ಕೇಳುದ್ರಾ ಅಮ್ಮಾರೆ?"

"ಇಂಗ್ಲಿಷಿನಲ್ಲಿರುತ್ತೆ. ನನಗೇನು ತಿಳಿಯುತ್ತೆ."

"ನಂಗೆ ಕನ್ನಡ್ದಾಗಿದ್ರೂ ತಿಳೀತಿರ್ಲಿಲ್ಲ. ನಮ್ ಬಾವ ತಂದು ಮುಂದೆ ಹಿಡುದ್ರು, ಎಲ್ರೂ ಒತ್ತವ್ರೆ ನೀನೂ ಒತ್ತು ಅಂದ್ರು. ಹೆಬ್ಬೆಟ್ ಒತ್ತಿ ಸೊಪ್ಪು ಕುಯ್ಯಾಕ್ ಹೋದೆ. ಅದು ನಮ್ ಭಾಗ ಬಾವಂಗೇ ಬರ್ಕೊಟ್ಟಿದ್ದು ಅಂತ ಆಮ್ಯಾಲೆ ಗೊತ್ತಾಯ್ತು. ಒತ್ತೋದ್ ತಪ್ಪಲ್ಲ ಕಣ್ರವ್ವ. ಕೇಳಿ ಒತ್ಬೇಕಾಗಿತ್ತು."

ಆ ದಿನ ಸಂಜೆ ತುಂಗಾ ಸ್ಕೂಲಿನಿಂದ ಬಂದು ಮುಖ ತೊಳೆಯುವ ಮೊದಲೇ ಗಿರಿಜಾದೇವಿ ಅವಳನ್ನು ಹಿತ್ತಲಿಗೆ ಕರೆದಳು. "ಆ ಜಾಮೀನು ಕಾಗದ ತಂದು ಓದೇ. ಒಂದೊಂದು ಸಾಲಿಗೂ ಕನ್ನಡ ಹೇಳು."

ವಕೀಲರು ಒಂದು ನಕಲು ಕೊಟ್ಟುಹೋಗಿದ್ದರು. ತುಂಗಾ ಒಗೆಯುವ ಕಲ್ಲಿನ ಮೇಲೆ ಕೂತು, ತರಗತಿಯಲ್ಲಿ ಹೇಳುವಂತೆ ನಿಧಾನವಾಗಿ ಹೇಳಿದಳು. ರಾಜಾಜಿನಗರದಲ್ಲಿರುವ ಇಂಥ ನಂಬರಿನ ಮನೆಯ ಒಡತಿಯಾದ ನಾನು. ನನ್ನ ಸೊಸೆ ತುಂಗಾ, ಮತ್ತು ಅವಳ ಮಗಳು ಕೋಕಿಲಾ, ವಯಸ್ಸು ಏಳು. ಇವರನ್ನು ಮರಳಿ ಕರೆತರುವ ಖರ್ಚು ಬಂದಲ್ಲಿ. ಈ ಮನೆಯ ಮೇಲೆ.

ಕೇಳುತ್ತಾ ಕೇಳುತ್ತಾ ಗಿರಿಜಾದೇವಿಗೆ ಎರಡು ಸಂಗತಿ ಅರ್ಥವಾದವು. ತಾನು ರುಜು ಹಾಕದಿದ್ದರೆ ಯಾರೂ ಎಲ್ಲಿಗೂ ಹೋಗುವಂತಿಲ್ಲ. ಹಾಕಿದರೆ ಕೋಕಿಲಾ ಹೋಗುತ್ತಾಳೆ. ಮೊದಲನೆಯದು ಆಕೆಗೆ ಒಂದು ಬಗೆಯ ಬಿಗುಮಾನ ತಂದಿತು. ಎರಡನೆಯದಕ್ಕೆ ಆಕೆ ಸಿದ್ಧಳಿರಲಿಲ್ಲ. ಬೆಳಿಗ್ಗೆ ಎದ್ದರೆ ಸೆರಗು ಹಿಡಿದು ತಿರುಗುವ ಮಗು. ತುಂಗಾ ಸ್ಕೂಲಿಗೆ ಹೋದಮೇಲೆ ಅವಳಿಗೆ ಅನ್ನ ಕಲಸಿ ಹಾಕಿದವಳು, ಸಿಡುಬಿನ ಕಾಲದಲ್ಲಿ ಪಕ್ಕದಲ್ಲೇ ಮಲಗಿದವಳು ತಾನು.

"ಮಗೂನ ಇಲ್ಲೇ ಬಿಟ್ಟು ಹೋಗು" ಎಂದಳು. "ಆ ಸಾಲು ತೆಗೆಸಿಬಿಡು. ನಿನ್ನೊಬ್ಬಳದಕ್ಕೆ ರುಜು ಹಾಕ್ತೀನಿ. ನಿಮ್ಮ ಮಾವನವರಿಗೆ ನಾನೇ ಹೇಳ್ತೀನಿ."

ತುಂಗಾ ಕಾಗದವನ್ನು ಮಡಿಚಿದಳು, ಮತ್ತೆ ಬಿಡಿಸಿದಳು. ಅವಳ ಮುಖದಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ಗಿರಿಜಾದೇವಿಗೆ ಅನುಕೂಲವಾಗುತ್ತಿತ್ತು.

"ಯೋಚ್ನೆ ಮಾಡ್ತೀನಿ ಅತ್ತೆ."

ಮರುದಿನ ಬೆಳಿಗ್ಗೆ ಸ್ಕೂಲಿಗೆ ಹೊರಡುವ ಮುಂಚೆ ಬಂದು, "ಆಗಲಿ. ಅವರೂ ಒಪ್ಪಿದಾರೆ. ಮಗು ಅಪ್ಪನ ಹತ್ತಿರ ಇರುತ್ತೆ" ಎಂದಳು. ಅಷ್ಟು ಹೇಳಿ ಬಸ್ಸಿಗೆ ಹೊತ್ತಾಯಿತೆಂದು ಹೊರಟುಹೋದಳು.

ವೆಂಕಟಗಿರಿಯವರು ಹೆಂಡತಿಯ ಮಾತನ್ನು ಕೇಳಿ ಅಚ್ಚರಿಪಟ್ಟರು, ಮೆಚ್ಚಿದರು ಕೂಡ. ಒಂದು ದಿನದಲ್ಲಿ ಅವರ ಆಕ್ಷೇಪಣೆಯೆಲ್ಲ ಕರಗಿತು. ವಾಕಿಂಗಿನಿಂದ ಬಂದು ಚಪ್ಪಲಿ ಬಿಡುತ್ತಾ ಹೇಳಿದರು. "ನೀನು ಮಾಡಿದ್ದೇ ಸರಿ ಕಣೆ. ಮಗು ಇಲ್ಲಿದ್ದರೆ ಅವಳು ಎರಡು ವರ್ಷ ಮುಗಿಯುತ್ತಲೂ ಓಡಿ ಬರ್ತಾಳೆ. ಅಲ್ಲೇ ಬೇರೂರೋ ಯೋಚನೆ ಬರೋದಿಲ್ಲ. ಅದಕ್ಕಿಂತ ಒಳ್ಳೇ ಜಾಮೀನು ಯಾವುದಿದೆ?"

ಗಿರಿಜಾದೇವಿ ಬಟ್ಟೆ ಮಡಿಚುತ್ತಿದ್ದವಳು ಕೈ ನಿಲ್ಲಿಸಿದಳು. ತಾನು ಹಾಗೆಣಿಸಿ ಕೇಳಿರಲಿಲ್ಲ. ಮಗು ಬೇಕೆಂದು ಕೇಳಿದ್ದಳು, ಅಷ್ಟೇ. ಆದರೆ ಗಂಡನ ಬಾಯಲ್ಲಿ ಅದೇ ಮಾತು ಬೇರೆ ರೂಪ ತಾಳಿ ನಿಂತಿತ್ತು. ಮನೆಯ ಜೊತೆಗೆ ಮಗುವನ್ನೂ ಒತ್ತೆಯಿಟ್ಟ ಹಾಗೆ.

ಕಾಗದವನ್ನು ಮತ್ತೆ ಟೈಪು ಮಾಡಿಸುವುದಕ್ಕೆ ಕೊಟ್ಟರು. ಮುಂದಿನ ಶುಕ್ರವಾರ ವಕೀಲರ ಕಚೇರಿಯಲ್ಲಿ ರುಜು ಎಂದು ಗೊತ್ತಾಯಿತು. ಆ ವಾರವಿಡೀ ತುಂಗಾ ಮಗಳ ವಿಷಯಗಳನ್ನು ಅತ್ತೆಗೆ ಒಪ್ಪಿಸತೊಡಗಿದಳು. ಮನೆ ಖಾಲಿ ಮಾಡುವ ಬಾಡಿಗೆಯವರು ಯಾವ ಕೀಲಿ ಯಾವ ಬಾಗಿಲಿಗೆ ಎಂದು ತೋರಿಸುತ್ತಾರಲ್ಲ, ಹಾಗೆ. ಕೋಕಿಲಾಗೆ ಕಡಲೆಹಿಟ್ಟು ಒಗ್ಗುವುದಿಲ್ಲ. ಬೆಲ್ಲು ಹೊಡೆಯುವ ಮುಂಚೆಯೇ ಸ್ಕೂಲಿನ ಒಳಗೆ ಬಿಡಬೇಕು, ತಡವಾದರೆ ಅಳುತ್ತಾಳೆ.

"ರಾತ್ರಿ ಒಂದೊಂದು ಸಲ ಎದ್ದು ಕೂತುಕೊಳ್ತಾಳೆ ಅತ್ತೆ. ಕಣ್ಣು ಬಿಟ್ಟಿರುತ್ತೆ, ಎಚ್ಚರ ಇರೋದಿಲ್ಲ. ಕೂಗಬೇಡಿ, ಬೆಚ್ಚಿಬೀಳ್ತಾಳೆ. ಸುಮ್ಮನೆ ಬೆನ್ನು ತಟ್ಟಿದ್ರೆ ಮಲಗ್ತಾಳೆ."

"ಅಷ್ಟೂ ಗೊತ್ತಿಲ್ವೇನೇ ನನಗೆ" ಎಂದಳು ಗಿರಿಜಾದೇವಿ. ನಿಜಕ್ಕೂ ಆಕೆಗೆ ಗೊತ್ತಿರಲಿಲ್ಲ.

ಬುಧವಾರ ಸಂಜೆ ಹಿತ್ತಲ ಬಾಗಿಲಿಗೆ ಬಂದಾಗ ತಾಯಿ ಮಗಳು ಕಟ್ಟೆಯ ಮೇಲೆ ಕೂತಿರುವುದು ಕಂಡಿತು. ತುಂಗಾ ಮಗಳಿಗೆ ತನ್ನ ಜಡೆ ತಾನೇ ಹೆಣೆದುಕೊಳ್ಳುವುದನ್ನು ಕಲಿಸುತ್ತಿದ್ದಳು. ಕೋಕಿಲಾಳ ಪುಟ್ಟ ಕೈ ಬೆನ್ನ ಹಿಂದೆ ಹೋದರೆ ಕೂದಲ ಕಾಲುಗಳು ಬಿಚ್ಚಿಹೋಗುತ್ತಿದ್ದವು. ತುಂಗಾ ಮತ್ತೆ ಹಿಡಿಸಿ, "ಇನ್ನೊಂದು ಸಲ" ಎನ್ನುತ್ತಿದ್ದಳು. ದನಿ ಏರುತ್ತಿರಲಿಲ್ಲ, ಇಳಿಯುತ್ತಿರಲಿಲ್ಲ.

"ಅಜ್ಜಿ ಹಾಕ್ತಾಳಲ್ಲಮ್ಮ" ಎಂದಳು ಮಗು.

"ಅಜ್ಜಿಗೆ ಕೈ ಬೆರಳು ನೋವು ಕಣೆ. ನೀನೇ ಕಲ್ತುಕೋಬೇಕು."

ಗಿರಿಜಾದೇವಿಗೆ ಬೆರಳು ನೋವು ಬಂದು ಎರಡು ವರ್ಷವಾಗಿತ್ತು. ಯಾರಿಗೂ ಹೇಳಿಕೊಂಡಿರಲಿಲ್ಲ. ಈಕೆ ಅದನ್ನು ಯಾವಾಗ ನೋಡಿದಳೋ. ಆಕೆಗೆ ತನ್ನ ತಾಯಿಯ ನೆನಪಾಯಿತು. ಹನ್ನೆರಡಕ್ಕೆ ಮದುವೆಯಾಗಿ ಗಂಡನ ಮನೆಗೆ ಹೊರಡುವ ವಾರ ಅಮ್ಮ ಸಾರು ಕಲಿಸಿದ್ದಳು, ಸೀರೆ ಕಚ್ಚೆ ಕಲಿಸಿದ್ದಳು, ದೊಡ್ಡವರು ಬಯ್ದರೆ ತಲೆ ಹೇಗೆ ತಗ್ಗಿಸಬೇಕೆಂದು ಕಲಿಸಿದ್ದಳು. ಆಗ ಅಮ್ಮನ ಮುಖದಲ್ಲೂ ಹೀಗೆಯೇ ಏನೂ ಇರಲಿಲ್ಲ. ಆ ಮುಖ ನೋಡಿ ಅಮ್ಮನಿಗೆ ತನ್ನ ಮೇಲೆ ಪ್ರೀತಿಯಿಲ್ಲವೆಂದು ಆಕೆ ಬಹಳ ವರ್ಷ ನಂಬಿದ್ದಳು.

ಬಾಗಿಲಿನಿಂದ ಹಿಂದಕ್ಕೆ ಸರಿದು ಅಡಿಗೆಮನೆಗೆ ಹೋದಳು. ಒಲೆಯ ಮೇಲೆ ಹಾಲು ಉಕ್ಕಿಹೋಯಿತು. ನೋಡಿಯೂ ಇಳಿಸಲಿಲ್ಲ.

ಶುಕ್ರವಾರ ಕೋಕಿಲಾಳನ್ನು ಸ್ಕೂಲಿಗೆ ಬಿಟ್ಟು ನಾಲ್ವರೂ ಬಸ್ಸಿನಲ್ಲಿ ಮೆಜೆಸ್ಟಿಕ್ಕಿಗೆ ಹೋಗಿ ಅಲ್ಲಿಂದ ನಡೆದು ಚಿಕ್ಕಹನುಮಯ್ಯನವರ ಕಚೇರಿಗೆ ಹೋದರು. ಮಹಡಿಯ ಮೇಲಿನ ಸಣ್ಣ ಕೋಣೆ, ಗೋಡೆಯುದ್ದಕ್ಕೂ ಪುಸ್ತಕ. ಗಿರಿಜಾದೇವಿಗೆ ಒಂದು ಕುರ್ಚಿ ಕೊಟ್ಟರು. ವೆಂಕಟಗಿರಿಯವರು ನಿಂತೇ ಇದ್ದು, ಕಾಗದವನ್ನು ಹೆಂಡತಿಯ ಮುಂದೆ ಸರಿಸಿ, ರುಜು ಹಾಕಬೇಕಾದ ಜಾಗದ ಮೇಲೆ ಬೆರಳಿಟ್ಟರು.

"ಇಲ್ಲಿ ಬರಿ."

ಆಕೆ ಲೇಖನಿ ಮುಟ್ಟಲಿಲ್ಲ. ವಕೀಲರ ಕಡೆ ತಿರುಗಿ, "ಓದಿ ಹೇಳ್ತೀರಾ?" ಎಂದಳು.

ವಕೀಲರು ಓದಿ ಕನ್ನಡದಲ್ಲಿ ಹೇಳಿದರು.

"ಮಗು ಹೆಸರಿಲ್ವಲ್ಲ."

"ನೀನೇ ತೆಗೆಸಿದ್ದು" ಎಂದರು ವೆಂಕಟಗಿರಿಯವರು.

"ಹೌದೂಂದ್ರೆ. ಈಗ ನಾನೇ ಸೇರಿಸಿ ಅಂತಿದೀನಿ. ಮಗು ತಾಯಿ ಜೊತೇಲಿ ಹೋಗ್ಲಿ."

ತುಂಗಾ ಕಿಟಕಿಯ ಹತ್ತಿರ ನಿಂತಿದ್ದವಳು ಮೆಲ್ಲಗೆ ತಿರುಗಿ ಅತ್ತೆಯನ್ನು ನೋಡಿದಳು. ನಂಬಬೇಕೋ ಬೇಡವೋ ಎಂಬ ನೋಟ ಅದು. ವೆಂಕಟಗಿರಿಯವರು ದನಿ ತಗ್ಗಿಸಿದರು. ಹೊರಗಿನವರ ಮುಂದೆ ಸಿಟ್ಟು ಬಂದಾಗ ಅವರ ದನಿ ತಗ್ಗುತ್ತಿತ್ತು.

"ಇದೇನು ಮಕ್ಕಳಾಟವೇ? ಇಬ್ಬರ ಖರ್ಚು ಅಂದರೆ ಜಾಮೀನು ಇನ್ನೂ ಏರುತ್ತೆ. ನಾಳೆ ಹೆಚ್ಚುಕಮ್ಮಿ ಆದರೆ ಮನೆ ಹೋಗುತ್ತೆ, ಗೊತ್ತೇ?"

"ಗೊತ್ತು. ತುಂಗಾ ಎಲ್ಲಾ ಓದಿ ಹೇಳಿದಾಳೆ. ಹೆಚ್ಚುಕಮ್ಮಿ ಆದರೆ ಈ ಮನೆ ಮಾರಿ ಅವರನ್ನ ಕರೆಸಿಕೊಳ್ಳೋಣ. ಅವರು ಬರದೇ ಹೋದರೆ ಮನೆ ಇಟ್ಟುಕೊಂಡು ಏನು ಮಾಡೋದು?"

"ನಿನಗೆ ಮಗು ಬೇಕಾಗಿತ್ತಲ್ಲ."

"ಈಗ್ಲೂ ಬೇಕು" ಎಂದಳು ಗಿರಿಜಾದೇವಿ. ಸೆರಗಿನಿಂದ ಬಾಯಿ ಒರೆಸಿಕೊಂಡು ಕೂತಳು.

ಆಗ ಗೋಪೀನಾಥ ಮಾತಾಡಿದ. "ಅಪ್ಪ, ಅಮ್ಮ ಹೇಳಿದ ಹಾಗೇ ಆಗ್ಲಿ. ನಾನೂ ಅದೇ ಹೇಳಬೇಕಾಗಿತ್ತು. ಹೇಳಲಿಲ್ಲ."

ವೆಂಕಟಗಿರಿಯವರು ಕೊಡೆ ತೆಗೆದುಕೊಂಡು ಮಹಡಿ ಇಳಿದುಹೋದರು. ವಕೀಲರು ಅದನ್ನು ಕಾಣದವರಂತೆ, ಮಗು ಸೇರಬೇಕಾದರೆ ತಾಯಿ ಮಗಳು ಒಟ್ಟಿಗಿರುವ ಫೋಟೋ ಆಗಬೇಕು, ಕಾಗದ ಸೋಮವಾರದ ಹೊತ್ತಿಗೆ ಸಿದ್ಧ ಮಾಡಿಸುತ್ತೇನೆ ಎಂದರು.

ಬಸ್ಸಿನಲ್ಲಿ ತುಂಗಾ ಅತ್ತೆಯ ಪಕ್ಕದಲ್ಲೇ ಕೂತಳು. ಓಕಳೀಪುರ ದಾಟಿದ ಮೇಲೆ ಅತ್ತೆಯ ಬಲಗೈಯನ್ನು ತನ್ನ ತೊಡೆಯ ಮೇಲಿಟ್ಟುಕೊಂಡು ಗಂಟುಬಿದ್ದ ಬೆರಳುಗಳನ್ನು ಒಂದೊಂದಾಗಿ ನೀವತೊಡಗಿದಳು. ಗಿರಿಜಾದೇವಿ ಕೈ ಬಿಡಿಸಿಕೊಳ್ಳದೆ ಕಿಟಕಿಯಿಂದ ಆಚೆ ನೋಡುತ್ತಾ ಕೂತಳು.

ಫೋಟೋ ತೆಗೆಸಲು ಹೋದದ್ದು ಮೂವರೇ, ಅತ್ತೆ, ಸೊಸೆ ಮತ್ತು ಮೊಮ್ಮಗಳು. ಗಂಡಸರಿಲ್ಲದೆ ಪೇಟೆಗೆ ಹೋದದ್ದು ಗಿರಿಜಾದೇವಿಗೆ ಅದೇ ಮೊದಲು. ಸ್ಟುಡಿಯೋದವನು ತುಂಗಾಳನ್ನು ಸ್ಟೂಲಿನ ಮೇಲೆ ಕೂರಿಸಿ, ಕೋಕಿಲಾಳನ್ನು ಅವಳ ಭುಜಕ್ಕೆ ತಾಗಿಸಿ ನಿಲ್ಲಿಸಿದ.

"ನಗಬಾರದು ಪಾಪು. ಇದು ಸರ್ಕಾರದ ಫೋಟೋ."

ನಗಬಾರದೆಂದದ್ದಕ್ಕೇ ಕೋಕಿಲಾಗೆ ನಗು ಬಂತು. ಎರಡು ಪ್ಲೇಟು ಹಾಳಾದವು. ಮೂರನೆಯದಕ್ಕೆ ಗಿರಿಜಾದೇವಿ ಕ್ಯಾಮರಾದ ಹಿಂದೆ ನಿಂತು ಕಣ್ಣು ದಪ್ಪ ಮಾಡಿ ಗದರಿಸಿದಳು. ಆಗ ಮಗು ಬಾಯಿ ಮುಚ್ಚಿತು.

ರುಜುವಿನ ದಿನ ವೆಂಕಟಗಿರಿಯವರು ಬರಲಿಲ್ಲ. ಅವರು ಹೆಂಡತಿಯ ಜೊತೆ ಮಾತು ಬಿಟ್ಟಿದ್ದರು. ಬೇಕಾದ್ದನ್ನು ಮೊಮ್ಮಗಳ ಮೂಲಕ ಕೇಳುತ್ತಿದ್ದರು. "ಅಜ್ಜಿ, ತಾತಂಗೆ ಬಿಸಿನೀರು ಬೇಕಂತೆ" ಎಂದು ಕೋಕಿಲಾ ಓಡಿಬರುತ್ತಿದ್ದಳು. "ಕಾಯಿಸಿದೆ ಅಂತ ಹೇಳು" ಎಂದು ಗಿರಿಜಾದೇವಿ ಅಲ್ಲೇ ಎರಡು ಮಾರು ದೂರ ಕೂತವರಿಗೆ ಹೇಳಿಕಳಿಸುತ್ತಿದ್ದಳು. ಮಗುವಿಗೆ ಅದೊಂದು ಆಟವಾಗಿತ್ತು. ಮೊದಮೊದಲು ಗಿರಿಜಾದೇವಿಗೆ ಊಟ ಸೇರುತ್ತಿರಲಿಲ್ಲ. ಆಮೇಲೆ ಅಭ್ಯಾಸವಾಯಿತು. ಮಾತು ಬಿಟ್ಟರೂ ಅವರು ಊಟ ಬಿಟ್ಟಿರಲಿಲ್ಲವಲ್ಲ, ಅಷ್ಟು ಸಾಕೆನಿಸಿತು.

ತಿಂಗಳ ಮೇಲೆ ಪೊಲೀಸ್ ವಿಚಾರಣೆಗೆಂದು ದಫೇದಾರ್ ಬೆಟ್ಟಯ್ಯ ಸೈಕಲ್ಲಿನಲ್ಲಿ ಬಂದ. ಅಕ್ಕಪಕ್ಕದವರನ್ನೆಲ್ಲ ಕೇಳಿಕೊಂಡು ಬಂದು ಜಗಲಿಯಲ್ಲಿ ಕೂತು, ಕೊಟ್ಟ ಮಜ್ಜಿಗೆ ಕುಡಿದು, ಜಾಮೀನುದಾರರು ಯಾರು ಎಂದ.

"ನಾನೇ" ಎಂದಳು ಗಿರಿಜಾದೇವಿ. ವೆಂಕಟಗಿರಿಯವರು ಒಳಗೆ ಪೇಪರು ಓದುತ್ತಿದ್ದರು.

"ನಿಮ್ಮ ಸೊಸೆ ಹೆಂಗಮ್ಮ?"

"ಲೆಕ್ಕ ಚೆನ್ನಾಗಿ ಹೇಳಿಕೊಡ್ತಾಳಂತೆ."

"ಅದಲ್ಲಮ್ಮ, ನಡತೆ. ಯಾವುದಾದರೂ ಪಾರ್ಟಿಗೀರ್ಟಿ ಅಂತ ತಿರುಗ್ತಾರಾ? ಮನೇಲಿ ಜಗಳ ಗಿಗಳ?"

"ನೋಡಪ್ಪ, ನಾನು ಈ ಮನೇನೇ ಬರೆದುಕೊಟ್ಟಿದೀನಿ. ಇದಕ್ಕಿಂತ ಹೆಚ್ಚಿಗೆ ಏನು ಹೇಳಲಿ?"

ದಫೇದಾರ ತಲೆಯಾಡಿಸಿ, ಬರೆದುಕೊಂಡು ಹೋದ. ಒಳಗೆ ಪೇಪರಿನ ಹಾಳೆ ತಿರುಗಿಸುವ ಸದ್ದು ಸ್ವಲ್ಪ ಹೊತ್ತಿನಿಂದ ನಿಂತುಹೋಗಿತ್ತು.

ಪಾಸ್‌ಪೋರ್ಟು ಮದರಾಸಿನಿಂದ ರಿಜಿಸ್ಟರ್ಡ್ ಅಂಚೆಯಲ್ಲಿ ಬಂತು. ತುಂಗಾ ಸ್ಕೂಲಿನಲ್ಲಿದ್ದಳು. ಯುಗಾದಿ ಕಳೆದು ಬಿಸಿಲು ಏರಿದ್ದ ಕಾಲ. ವೆಂಕಟಗಿರಿಯವರು ಸಂಜೆಯವರೆಗೆ ಲಕೋಟೆಯನ್ನು ಮೇಜಿನ ಮೇಲಿಟ್ಟುಕೊಂಡು ಕಾದರು. ಸೊಸೆ ಬಂದು ಒಡೆದು ನೋಡಿ, ಮಾವನ ಕೈಗೆ ಕೊಟ್ಟು ನಮಸ್ಕಾರ ಮಾಡಿದಳು. ಅವರು ಕನ್ನಡಕ ಹಾಕಿಕೊಂಡು ರಟ್ಟಿನಿಂದ ರಟ್ಟಿನವರೆಗೆ, ಖಾಲಿ ಹಾಳೆಗಳನ್ನೂ ಬಿಡದೆ, ನೋಡಿದರು. ನಗು ಅದುಮಿಕೊಂಡ ಕೋಕಿಲಾಳ ಫೋಟೋದ ಮೇಲೆ ಮೊಹರು ಬಿದ್ದಿತ್ತು. ಆಮೇಲೆ ಅಡಿಗೆಮನೆಯ ಬಾಗಿಲಿಗೆ ಬಂದು ನಿಂತರು.

"ಉದ್ಯೋಗ ಅನ್ನೋ ಕಡೆ ಟೀಚರ್ ಅಂತ ಬರೆದಿದಾರೆ" ಎಂದರು. ಕೋಕಿಲಾ ಅಲ್ಲಿರಲಿಲ್ಲ. ಮಾತು ನೇರ ಹೆಂಡತಿಗೇ ಬಂದಿತ್ತು.

"ಹೌದೇ?" ಎಂದಳು ಗಿರಿಜಾದೇವಿ. "ಕಾಫಿ ಕೊಡಲೇ?"

"ಕೊಡು."

ಜೂನಿನಲ್ಲಿ ಅವರು ಹೊರಟರು. ಸಿಟಿ ಸ್ಟೇಷನ್ನಿನಲ್ಲಿ ಗುಂತಕಲ್ಲಿನ ಗಾಡಿ. ಬೊಂಬಾಯಿಯ ತನಕ ಗೋಪೀನಾಥ ಜೊತೆಗೆ ಹೋದ. ಕೋಕಿಲಾಗೆ ರೈಲಿನ ಸಂಭ್ರಮ, ಹಡಗಿನ ಸಂಭ್ರಮ. ಕಿಟಕಿಯ ಸರಳಿಗೆ ಮುಖವಿಟ್ಟು, "ಅಜ್ಜಿ, ನೀನೂ ಹತ್ತೇ" ಎಂದಳು. ಗಾಡಿ ಅಲ್ಲಾಡಿದ ಮೇಲಷ್ಟೇ ಅವಳಿಗೆ ಏನು ನಡೆಯುತ್ತಿದೆಯೆಂದು ತಿಳಿದದ್ದು. ಅವಳ ಬಾಯಿ ಅಳುವಿಗೆ ತೆರೆದದ್ದು ಕಂಡಿತು, ಅಳು ಕೇಳಿಸಲಿಲ್ಲ. ಗಿರಿಜಾದೇವಿ ಕೊನೆಯ ಡಬ್ಬಿ ದಾಟುವವರೆಗೆ ನಿಂತು, ಗಂಡನ ಹಿಂದೆ ಹೊರಗೆ ಬಂದು ಬಸ್ಸು ಹತ್ತಿದಳು. ಮನೆಗೆ ಬಂದವಳೇ ಮೂರು ದಿನ ಜ್ವರದಲ್ಲಿ ಮಲಗಿದಳು. ವೆಂಕಟಗಿರಿಯವರೇ ಗಂಜಿ ಕಾಯಿಸಿದರು, ತಳ ಹಿಡಿಸಿದರು.

ಎರಡು ವರ್ಷ ಕಳೆಯಿತು. ತುಂಗಾ ಅಲ್ಲಿ ಬೆಟ್ಟದ ಮೇಲಿನ ಊರೊಂದರಲ್ಲಿ ಪಾಠ ಹೇಳಿದಳು. ಚಳಿ ಹೆಚ್ಚಂತೆ, ಮಕ್ಕಳು ಒಳ್ಳೆಯವರಂತೆ. ಗೋಪೀನಾಥನ ಪಾಸ್‌ಪೋರ್ಟಿನ ಮಾತು ಮತ್ತೆ ಬರಲಿಲ್ಲ. ಲೇತ್ ಶಾಪಿನಲ್ಲಿ ಅವನನ್ನು ಫೋರ್‌ಮನ್ ಮಾಡಿದರು, ಅವನು ಇಲ್ಲೇ ಉಳಿದ. ವೆಂಕಟಗಿರಿಯವರು ವಾಕಿಂಗಿನ ಗೆಳೆಯರ ಮುಂದೆ ಸೊಸೆಯ ಸುದ್ದಿಯನ್ನು ತಮ್ಮದೇ ಏರ್ಪಾಡು ಎಂಬಂತೆ ಹೇಳುತ್ತಿದ್ದರು. ಗಿರಿಜಾದೇವಿ ಅದನ್ನು ಕೇಳಿಸಿಕೊಂಡೂ ತಿದ್ದಲಿಲ್ಲ.

ಐವತ್ತೊಂಬತ್ತರ ಬೇಸಿಗೆಯಲ್ಲಿ ಕರಾರು ಮುಗಿದು ತಾಯಿ ಮಗಳು ವಾಪಸ್ಸಾದರು. ತುಂಗಾ ಸ್ವಲ್ಪ ಕಪ್ಪಾಗಿದ್ದಳು, ಜೋರಾಗಿ ನಗುವುದನ್ನು ಕಲಿತಿದ್ದಳು. ಒಂಬತ್ತು ವರ್ಷದ ಕೋಕಿಲಾ ಅಜ್ಜಿಯ ಭುಜದವರೆಗೆ ಬೆಳೆದಿದ್ದಳು. ಗಿರಿಜಾದೇವಿ ಬಾಗಿಲಲ್ಲಿ ಆರತಿ ಎತ್ತಿ, ತಟ್ಟೆ ಕೆಳಗಿಟ್ಟು ಕೈ ಚಾಚಿದಳು. ಮಗು ಹಿಂಜರಿದು, ಬಾಗಿ ಕಾಲು ಮುಟ್ಟಿ, "ಹೇಗಿದೀರಾ ಅಜ್ಜಿ?" ಎಂದಳು.

ನೀವು ಎಂದಿದ್ದಳು. ಅದು ಮರ್ಯಾದೆಯೇ, ತುಂಗಾ ಹೇಳಿಕೊಟ್ಟಿರಬೇಕು, ಇಲ್ಲವೇ ಅಲ್ಲಿ ಕನ್ನಡ ಬಲ್ಲ ದೊಡ್ಡವರ ಜೊತೆ ಆಡಿ ಆಡಿ ಅದೇ ಬಂದಿರಬೇಕು. ಗಿರಿಜಾದೇವಿ "ಚೆನ್ನಾಗಿದೀನಿ ಮಗು" ಎಂದು ಒಳಗೆ ಕರೆದುಕೊಂಡಳು. ಆ ವಾರವೆಲ್ಲ ಕೋಕಿಲಾ ನೀವು ಎಂದೇ ಕರೆದಳು. ನೀರು ಕೊಡ್ತೀರಾ, ಇಲ್ಲಿ ಕೂತ್ಕೊಳ್ಳಲಾ. ನೆಂಟರ ಮಕ್ಕಳ ಹಾಗೆ ತಟ್ಟೆ ತೊಳೆದಿಡುತ್ತಿದ್ದಳು. ಇದು ಹೀಗಾಗುತ್ತದೆಂದು ಯಾವ ಕಾಗದದಲ್ಲೂ ಬರೆದಿರಲಿಲ್ಲ, ಬರೆದಿದ್ದರೂ ರುಜು ಹಾಕುತ್ತಿದ್ದೆನೆಂದು ಗಿರಿಜಾದೇವಿ ಅಂದುಕೊಂಡಳು. ಅಂದುಕೊಂಡಷ್ಟು ಸುಲಭವಾಗಿರಲಿಲ್ಲ.

ಎಂಟೋ ಒಂಬತ್ತೋ ದಿನ ಕಳೆದ ಮೇಲೆ ಹುಡುಗಿ ಎದುರಿನ ಖಾಲಿ ಸೈಟಿನಲ್ಲಿ ಬೀದಿಯ ಮಕ್ಕಳೊಡನೆ ಆಡಲು ಹೋಗಿ ಮೊಣಕಾಲು ತರಚಿಕೊಂಡು ಬಂದಳು. ಗಿರಿಜಾದೇವಿ ಕಟ್ಟೆಯ ಮೇಲೆ ಕೂರಿಸಿ ನೀರು ಹಾಕಿ ಮಣ್ಣು ತೊಳೆದಳು. ಇಷ್ಟು ದೊಡ್ಡ ಹುಡುಗಿ, ಕಣ್ಣು ಎಲ್ಲಿಟ್ಟುಕೊಂಡು ಓಡುತ್ತೀ ಎಂದು ಬಯ್ಯುತ್ತಾ ಅರಿಸಿನ ಮೆತ್ತಿದಳು. ಮೆತ್ತಿದ್ದು ಜೋರಾಯಿತೇನೋ.

"ಉರೀತಿದೆ ಅಜ್ಜಿ, ನೀನು ಬಿಡು" ಎಂದು ಕೋಕಿಲಾ ಆಕೆಯ ಕೈ ತಳ್ಳಿದಳು. "ನಿನಗೆ ಹಾಕೋಕೆ ಬರಲ್ಲ, ಅಮ್ಮನ್ನ ಕರಿ."

"ಅಮ್ಮ ಪೇಟೆಗೆ ಹೋಗಿದಾಳೆ. ಸುಮ್ಮನೆ ಕಾಲು ಚಾಚು" ಎಂದಳು ಗಿರಿಜಾದೇವಿ. ಕೋಕಿಲಾ ಮುಖ ಸಿಂಡರಿಸಿಕೊಂಡು ಕಾಲು ಚಾಚಿದಳು.